ಗಳಿಗೆಬಟ್ಟಲ ಕಾವಲುಗಾರರು

ಕಲ್ಪನಾಲೋಕದ ಕಥೆಗಳಲ್ಲಿ ಕಾಲವನ್ನು ಕಾಯುವ ಮಾಂತ್ರಿಕರ ಪಂಥವೊಂದು ಆಗಾಗ ಎದುರಾಗುತ್ತದೆ. ಮಂಜು ಕವಿದ ಮಲೆಯೊಂದರ ನೆತ್ತಿಯಲ್ಲಿ ಅವರ ಮಠ. ಮಠದೊಳಗೆ ಯಾರೂ ಮುಟ್ಟಬಾರದ ಗಡಿಯಾರ. ಅದು ಒಂದು ಕ್ಷಣ ನಿಂತರೆ ಲೋಕವೇ ನಿಂತೀತೆಂಬ ಭಯ. ಇಂಗ್ಲಿಷ್ ಕಾದಂಬರಿಕಾರ ಟೆರ್ರಿ ಪ್ರಾಚೆಟ್ ೨೦೦೧ರಲ್ಲಿ ಪ್ರಕಟಿಸಿದ ‘ಥೀಫ್ ಆಫ್ ಟೈಮ್’ ಎಂಬ ಕೃತಿಯಲ್ಲಿ ಇಂಥ ಪಂಥವನ್ನು ನಗೆಗಣ್ಣಿನಿಂದ ಚಿತ್ರಿಸಿದ್ದಾನೆ. ಅಲ್ಲಿಯ ಭಿಕ್ಷುಗಳು ಕಾಲವನ್ನು ತಿರುಗುವ ಉರುಳೆಗಳಲ್ಲಿ ಸುತ್ತಿಡುತ್ತಾರೆ. ಸಮುದ್ರದ ತಳದಲ್ಲಿ ಯಾರಿಗೂ ಬೇಡವಾಗಿ ಬಿದ್ದಿರುವ ಹೊತ್ತನ್ನು ಎತ್ತಿ, ಹೊತ್ತು ಸಾಲದೆ ಒದ್ದಾಡುವ ಪಟ್ಟಣಗಳಿಗೆ ಹರಿಸುತ್ತಾರೆ. ಇದನ್ನು ಓದಿದ ವಿದ್ಯಾರ್ಥಿಯೊಬ್ಬನು, “ನಮ್ಮ ನಾಡಿನಲ್ಲಿ ಇಂಥದೊಂದು ಪಂಥ ಇರಲಿಲ್ಲವೆ?” ಎಂದು ನನ್ನನ್ನು ಕೇಳಿದನು. ಇತ್ತು ಎಂದೆ. ಮಲೆಯ ಮೇಲಲ್ಲ, ಬಯಲಿನಲ್ಲಿ. ಅವನು ಕೆಲಸಕ್ಕೆಂದು ನಿತ್ಯ ಇಳಿಯುವ ರೈಲು ನಿಲ್ದಾಣದ ಹೆಸರಿನಲ್ಲಿಯೇ ಅದರ ಗುರುತು ಉಳಿದಿದೆ.

ಆ ನಿಲ್ದಾಣ ಪಟ್ಟಂದೂರು ಅಗ್ರಹಾರ. ೨೦೨೩ನೆಯ ಮಾರ್ಚ್ ೨೫ರಂದು ಕೃಷ್ಣರಾಜಪುರಕ್ಕೂ ವೈಟ್‌ಫೀಲ್ಡಿಗೂ ನಡುವೆ ಮೆಟ್ರೋ ಓಡತೊಡಗಿತಷ್ಟೆ. ಅಂದಿನಿಂದ ಈ ಹೆಸರನ್ನು ಗಾಡಿಯೊಳಗಿನ ಧ್ವನಿವರ್ಧಕವು ಹಗಲೆಲ್ಲ ಕೂಗುತ್ತಲೇ ಇದೆ. ಇಳಿಯುವವರ ಪೈಕಿ ಹೆಚ್ಚಿನವರು ಕಂಪ್ಯೂಟರ್ ಉದ್ಯಮದ ಗಾಜಿನ ಕಟ್ಟಡಗಳ ಕಡೆಗೆ ನಡೆದುಬಿಡುತ್ತಾರೆ. ಹೆಸರಿನ ಉತ್ತರಾರ್ಧದ ಕಡೆಗೆ ಅವರ ಗಮನ ಹೋಗದಿದ್ದರೆ ಅದರಲ್ಲಿ ಅಚ್ಚರಿಯಿಲ್ಲ. ಅಗ್ರಹಾರವೆಂದರೆ ವಿದ್ವಾಂಸರ ಜೀವನಕ್ಕೆಂದು ದತ್ತಿಯಾಗಿ ಬಿಟ್ಟ ಊರು. ವೇದ ಓದುವವರು, ಶಾಸ್ತ್ರ ಹೇಳುವವರು, ಇವರೊಡನೆ ಪಂಚಾಂಗ ಹೇಳುವ ಜೋಯಿಸರು. ಊರು ಮಾತ್ರ ದತ್ತಿಗಿಂತ ಹಳೆಯದಿರಬೇಕು. ಈ ಸೀಮೆಯಲ್ಲಿ ದೊರೆತಿರುವ, ರಾಜೇಂದ್ರ ಚೋಳನ ಕಾಲದ ೧೦೪೩ನೆಯ ಇಸವಿಯ ತಮಿಳು ಶಾಸನವೊಂದು ಪಟ್ಟಂದೂರಿನ ಕೆರೆಯನ್ನು ಕಟ್ಟಿ ತೂಬುಗಳನ್ನಿಟ್ಟ ವಿಚಾರವನ್ನೂ, ಗಣಪತಿ, ದುರ್ಗೆ, ಕ್ಷೇತ್ರಪಾಲರನ್ನು ಪ್ರತಿಷ್ಠಿಸಿದ ವಿಚಾರವನ್ನೂ ಹೇಳುತ್ತದೆ. ಕೆರೆಯ ಮಾತಿಗೆ ಮುಂದೆ ಬರುತ್ತೇನೆ, ಮೊದಲು ಜೋಯಿಸರು.

ಜೋಯಿಸರ ಆಯುಧ ಮಂತ್ರದಂಡವಲ್ಲ, ತಳದಲ್ಲಿ ತೂತಿರುವ ಒಂದು ತಾಮ್ರದ ಬಟ್ಟಲು. ಸೂರ್ಯಸಿದ್ಧಾಂತವು ಅದನ್ನು ಕಪಾಲಯಂತ್ರವೆನ್ನುತ್ತದೆ. ಕನ್ನಡಿಗರು ಗಳಿಗೆಬಟ್ಟಲು ಎಂದರು. ತಿಳಿನೀರಿನ ಕೊಳಗದಲ್ಲಿ ತೇಲಬಿಟ್ಟರೆ ತೂತಿನಿಂದ ನೀರು ಸ್ವಲ್ಪಸ್ವಲ್ಪವಾಗಿ ಒಳಗೇರಿ, ತುಂಬಿದೊಡನೆ ಬಟ್ಟಲು ‘ಗುಳುಂ’ ಎಂದು ಮುಳುಗುತ್ತದೆ. ಒಂದು ಮುಳುಗಿಗೆ ಒಂದು ಗಳಿಗೆ, ಅಂದರೆ ಈಗಿನ ೨೪ ನಿಮಿಷ. ಹಗಲಿರುಳು ಕೂಡಿ ಅರುವತ್ತು ಮುಳುಗು. ಬಟ್ಟಲು ಇಷ್ಟು ಪಲ ತೂಗಬೇಕು, ಇಷ್ಟು ಅಂಗುಲ ಅಗಲವಿರಬೇಕು, ತೂತನ್ನು ಇಂಥ ತೂಕದ ಚಿನ್ನದ ಸೂಜಿಯಿಂದ ಕೊರೆಯಬೇಕು ಎಂದು ಹಳೆಯ ಗ್ರಂಥಗಳು ವಿಧಿಸಿವೆ. ಭಾಸ್ಕರಾಚಾರ್ಯನು ೧೧೫೦ರ ಸಿದ್ಧಾಂತಶಿರೋಮಣಿಯಲ್ಲಿ ಈ ವಿಧಿಯನ್ನೆಲ್ಲ ಯುಕ್ತಿಯಿಲ್ಲದ್ದೆಂದು ಬದಿಗೆ ಸರಿಸಿದನು. ಬಟ್ಟಲು ಹೇಗಾದರೂ ಇರಲಿ. ಒಂದು ಅಹೋರಾತ್ರದಲ್ಲಿ ಅದು ಎಷ್ಟು ಸಲ ಮುಳುಗುತ್ತದೆಂದು ಎಣಿಸಿ, ಅದರಿಂದ ಅದರ ಅಳತೆಯನ್ನು ಗೊತ್ತುಮಾಡಿಕೊಳ್ಳಿರಿ ಎಂಬುದು ಅವನ ಅಭಿಪ್ರಾಯ. ಈ ಮಾತು ನನಗೆ ಬಹಳ ಹಿಡಿಸಿದೆ. ಬಟ್ಟಲಿನ ಪಾವಿತ್ರ್ಯವನ್ನು ನೆಚ್ಚಬೇಡ, ಸೂರ್ಯನಿಂದ ಸೂರ್ಯನವರೆಗೆ ಎಣಿಸಿ ನೋಡು ಎನ್ನುವವನು ಮಾಂತ್ರಿಕನಲ್ಲ, ಲೆಕ್ಕಿಗ.

ಎಣಿಸುವವನು ಎಚ್ಚರವಾಗಿರಬೇಕೆಂಬುದೊಂದೇ ತೊಡಕು. ಬಟ್ಟಲು ಮುಳುಗಿದಾಗ ತೂಕಡಿಸಿದರೆ ಗಳಿಗೆಯೊಂದು ಲೆಕ್ಕಕ್ಕೆ ಸಿಕ್ಕದೆ ಹೋಯಿತು. ಮತ್ತೆ ಸೂರ್ಯನನ್ನೋ ನಕ್ಷತ್ರವನ್ನೋ ಕಾಣುವವರೆಗೆ ಅದನ್ನು ಹಿಂದಕ್ಕೆ ತರುವ ಉಪಾಯವಿಲ್ಲ. ಭಾಸ್ಕರನ ಮಗಳೆನ್ನಲಾದ ಲೀಲಾವತಿಯ ಕಥೆ ಹುಟ್ಟಿದ್ದು ಈ ಭಯದಿಂದಲೇ ಇರಬೇಕು. ಮದುವೆಯ ಮುಹೂರ್ತಕ್ಕೆಂದು ತೇಲಬಿಟ್ಟ ಬಟ್ಟಲನ್ನು ಹುಡುಗಿಯು ಬಗ್ಗಿ ನೋಡುತ್ತಾಳೆ, ಅವಳ ಒಡವೆಯ ಮುತ್ತೊಂದು ಜಾರಿ ತೂತನ್ನು ಮುಚ್ಚುತ್ತದೆ, ಬಟ್ಟಲು ಮುಳುಗುವುದಿಲ್ಲ, ಮುಹೂರ್ತ ಮೀರಿಹೋಗುತ್ತದೆ. ಇದನ್ನು ಹೇಳಿದವನು ಭಾಸ್ಕರನಲ್ಲ. ೧೫೮೭ರಲ್ಲಿ ಅಕ್ಬರನ ಆಸ್ಥಾನದ ಫೈಜಿಯು ಲೀಲಾವತಿಯನ್ನು ಪಾರಸಿಗೆ ತಂದಾಗ ಅದರೊಡನೆ ಬಂದ ಕಥೆ ಇದು. ಚರಿತ್ರೆಯೆಂದು ನಂಬಬೇಕಾಗಿಲ್ಲ. ಆದರೂ ಕಾಲದ ಕಾವಲುಗಾರರು ಯಾವುದಕ್ಕೆ ಹೆದರುತ್ತಿದ್ದರೆಂಬುದನ್ನು ಇದಕ್ಕಿಂತ ಚೆನ್ನಾಗಿ ಹೇಳುವ ಕಥೆಯನ್ನು ನಾನು ಓದಿಲ್ಲ. ಅವರ ಶತ್ರು ಕರಾಳ ಮಾಯಾವಿಯಲ್ಲ, ಒಂದು ಮುತ್ತು.

ಬಟ್ಟಲು ಹೋದರೂ ಮಾತು ಉಳಿದುಕೊಂಡಿದೆ. ಒಳ್ಳೆಯ ಗಳಿಗೆ, ಕೆಟ್ಟ ಗಳಿಗೆ, ಅರೆಗಳಿಗೆ, ಗಳಿಗೆಗೊಂದು ಬುದ್ಧಿ: ಇವನ್ನಾಡುವಾಗ ಯಾರಿಗೂ ತಾಮ್ರದ ನೆನಪಿಲ್ಲ. ತಾಳಗುಂದದ ಶಾಸನದಲ್ಲಿ ಕದಂಬ ಮಯೂರಶರ್ಮನು ಗುರು ವೀರಶರ್ಮನೊಡನೆ ಓದಲು ಹೋದ ಕಂಚಿಯ ವಿದ್ಯಾಸ್ಥಾನಕ್ಕೂ ‘ಘಟಿಕೆ’ ಎಂದೇ ಹೆಸರು. ಅಗ್ರಹಾರ, ಬ್ರಹ್ಮಪುರಿ, ಘಟಿಕಾಸ್ಥಾನ ಎಂಬ ಮೂರನ್ನೂ ನಮ್ಮ ವಿದ್ಯಾರ್ಥಿಗಳು ಚರಿತ್ರೆಯ ಪಾಠದಲ್ಲಿ ಒಂದೇ ಉಸಿರಿಗೆ ಒಪ್ಪಿಸುತ್ತಾರೆ. ಆ ಘಟಿಕೆಗೂ ಈ ಗಳಿಗೆಬಟ್ಟಲಿಗೂ ಸಂಬಂಧವುಂಟೆ ಎಂಬುದರಲ್ಲಿ ಪಂಡಿತರಿಗೆ ಒಮ್ಮತವಿಲ್ಲ. ಇದ್ದರೆ ಸೊಗಸು ಎಂದು ನನ್ನ ಆಸೆ, ಆಸೆಯನ್ನು ಪ್ರಮಾಣವೆನ್ನಲಾಗದು.

ಈ ಪಂಥದ ದೊಡ್ಡ ಕೆಲಸವನ್ನು ಶಾಸನಗಳಲ್ಲಿ ನೋಡಬೇಕು. ದಾನ ಕೊಡುವ ಅರಸು ‘ಆಚಂದ್ರಾರ್ಕ’ವಾಗಿ, ಸೂರ್ಯಚಂದ್ರರಿರುವವರೆಗೆ, ಕೊಟ್ಟೆನೆನ್ನುತ್ತಾನೆ. ಕೊಟ್ಟ ದಿನವನ್ನು ಹೇಳುವಾಗಲೂ ಆ ಸೂರ್ಯಚಂದ್ರರನ್ನೇ ಸಾಕ್ಷಿಗೆ ಕರೆಯುತ್ತಾನೆ: ಶಕವರ್ಷ ಇಷ್ಟು, ಸಂವತ್ಸರ ಇಂಥದು, ಮಾಸ, ಪಕ್ಷ, ತಿಥಿ, ವಾರ, ಅದರ ಮೇಲೆ ಸಂಕ್ರಾಂತಿಯೋ ಗ್ರಹಣವೋ. ಓದಲು ಬೇಸರ ತರುವ ಈ ಸಾಲಿನಲ್ಲಿಯೇ ಶಾಸನದ ಜೀವವಿದೆ. ಪಟ್ಟದಕಲ್ಲಿನಲ್ಲಿ ಬಾದಾಮಿ ಚಾಲುಕ್ಯರ ಎರಡನೆಯ ಕೀರ್ತಿವರ್ಮನ ಕಾಲದ ಕಂಬಶಾಸನವೊಂದು ಸೂರ್ಯಗ್ರಹಣವನ್ನು ಹೇಳುತ್ತದೆ. ಲೆಕ್ಕ ಹಾಕಿ ನೋಡಿದವರಿಗೆ ಅದು ೭೫೪ನೆಯ ಜೂನ್ ೨೫ರ ಗ್ರಹಣವೆಂದು ತಾಳೆಯಾಯಿತು. ತಾಳೆಯಾಗದವೂ ಉಂಟು. ಮುಂದಿನ ಕಾಲದವರು ಹೊಲಗದ್ದೆಯ ಆಸೆಗಾಗಿ ಹಳೆಯ ಅರಸನ ಹೆಸರಿನಲ್ಲಿ ತಾಮ್ರಪಟವನ್ನು ಕೆತ್ತಿಸಿದಾಗ, ಬಿರುದುಗಳನ್ನು ನಕಲು ಮಾಡಿದರು, ಶಾಪವಾಕ್ಯವನ್ನು ನಕಲು ಮಾಡಿದರು. ಹಳೆಯ ದಿನದ ವಾರ ಮತ್ತು ತಿಥಿ ಕೂಡಿಬರುವಂತೆ ಲೆಕ್ಕ ಹಿಡಿಯುವುದು ಮಾತ್ರ ಅವರಿಗೆ ಸಾಧ್ಯವಾಗಲಿಲ್ಲ. ಫ್ಲೀಟ್ ಮೊದಲಾದ ವಿದ್ವಾಂಸರು ಹಲವು ತಾಮ್ರಪಟಗಳನ್ನು ಕೃತಕವೆಂದು ತಳ್ಳಿದ್ದು ಲಿಪಿಯೊಡನೆ ಈ ತಾಳೆಯನ್ನೂ ನೋಡಿಯೇ. ೧೯೨೨ರಲ್ಲಿ ಸ್ವಾಮಿಕಣ್ಣು ಪಿಳ್ಳೆಯವರು ಸಾವಿರಕ್ಕೂ ಮಿಕ್ಕ ವರ್ಷಗಳ ತಿಥಿವಾರಗಳ ಕೋಷ್ಟಕಗಳನ್ನು ಪ್ರಕಟಿಸಿದ ಮೇಲೆ ಇಂಥ ಪರೀಕ್ಷೆ ಸಾಮಾನ್ಯ ಸಂಶೋಧಕನ ಕೈಗೂ ಎಟುಕಿತು. ನಮ್ಮ ಕಾಲದಲ್ಲಿ ಬೆಂಗಳೂರಿನ ಜವಾಹರಲಾಲ್ ನೆಹರು ತಾರಾಲಯದ ಬಿ. ಎಸ್. ಶೈಲಜಾ ಅವರು ಕಲ್ಲಿನ ಮೇಲಿನ ಗ್ರಹಣಗಳನ್ನು ಆಕಾಶದ ಗ್ರಹಣಗಳೊಡನೆ ಹೋಲಿಸಿ ನೋಡಿದ್ದಾರೆ. ಗಳಿಗೆ ಎಣಿಸಿದ ಅಜ್ಞಾತ ಜೋಯಿಸನು ಹೀಗೆ ಸಾವಿರ ವರ್ಷದ ತರುವಾಯ ನ್ಯಾಯಾಲಯದಲ್ಲಿ ಸಾಕ್ಷಿ ನುಡಿಯುತ್ತಾನೆ.

ಸಂವತ್ಸರದ ವಿಷಯದಲ್ಲಿ ಒಂದು ತಮಾಷೆಯಿದೆ. ಪ್ರಭವದಿಂದ ಅಕ್ಷಯದವರೆಗೆ ಹೆಸರುಗಳು ಅರುವತ್ತೇ. ಅರುವತ್ತು ವರ್ಷವಾದೊಡನೆ ಮೊದಲಿನ ಹೆಸರು ಮರಳಿ ಬರುತ್ತದೆ. ‘ಮನ್ಮಥ ಸಂವತ್ಸರದಲ್ಲಿ’ ಎಂದಷ್ಟೇ ಬರೆದ ವೀರಗಲ್ಲು ಯಾವ ಮನ್ಮಥದ್ದೆಂದು ಹೇಳಲಾಗದೆ ಸಂಶೋಧಕರು ತಲೆ ಕೆರೆದುಕೊಳ್ಳುತ್ತಾರೆ. ಇದನ್ನರಿತ ಜಾಣರು ಪಕ್ಕದಲ್ಲಿ ಶಕವರ್ಷವನ್ನೂ ಕೆತ್ತಿಸಿದರು. ೧೯೯೦ರ ದಶಕದ ಕೊನೆಯಲ್ಲಿ ಜಗತ್ತಿನ ಕಂಪ್ಯೂಟರುಗಳಿಗೆಲ್ಲ ಬಂದ ಕುತ್ತು ಇದೇ ಜಾತಿಯದು. ಸ್ಥಳ ಉಳಿಸಲೆಂದು ಇಸವಿಯ ಕೊನೆಯ ಎರಡೇ ಅಂಕಿಗಳನ್ನು ಬರೆದಿಟ್ಟಿದ್ದರು. ‘೦೦’ ಬಂದಾಗ ಅದು ೨೦೦೦ವೋ ೧೯೦೦ವೋ ತಿಳಿಯುವಂತಿರಲಿಲ್ಲ. ಅರುವತ್ತರ ಬದಲು ನೂರರ ಸಂವತ್ಸರಚಕ್ರವೆನ್ನಿ. ಆ ಕೋಟಿಗಟ್ಟಲೆ ಸಾಲುಗಳನ್ನು ಹುಡುಕಿ ತಿದ್ದುವ ಕೆಲಸದಲ್ಲಿ ಬೆಂಗಳೂರಿನ ತರುಣರ ಪಾಲು ದೊಡ್ಡದು. ಈ ನಗರದ ಕಂಪ್ಯೂಟರ್ ಉದ್ಯಮ ಬೆಳೆದ ಕಾರಣಗಳಲ್ಲಿ ಅದೂ ಒಂದು. ಪಟ್ಟಂದೂರಿನ ಬಯಲಿನಲ್ಲಿ ತಾಂತ್ರಿಕ ಉದ್ಯಾನದ ಗಾಜಿನ ಗೋಪುರಗಳು ಎದ್ದದ್ದೂ ಅದೇ ದಶಕದಲ್ಲಿ. ಅಗ್ರಹಾರವೆಂಬ ಹೆಸರಿನ ಊರಿಗೆ ಕಾಲದ ಲೆಕ್ಕವನ್ನು ಸರಿಪಡಿಸುವ ಕಸುಬು ಹೀಗೆ ಬೇರೆ ದಾರಿಯಿಂದ ಮರಳಿ ಬಂದದ್ದನ್ನು ನೆನೆದರೆ ನನಗೆ ಸೋಜಿಗವಾಗುತ್ತದೆ.

ಈ ಪಂಥವು ಒಗ್ಗಟ್ಟಿನಿಂದಿತ್ತೆಂದು ವಾಚಕರು ಭಾವಿಸಬಾರದು. ಕಾವಲುಗಾರರೊಳಗೇ ಜಗಳ ಬಿದ್ದರೆ ಏನಾಗುತ್ತದೆಂಬುದನ್ನು ನಾನು ಬಾಲ್ಯದಲ್ಲಿ ಮನೆಯಲ್ಲಿಯೇ ಕಂಡಿದ್ದೇನೆ. ನಮ್ಮಲ್ಲಿ ಎರಡು ಪಂಚಾಂಗಗಳು ಬರುತ್ತಿದ್ದವು. ಒಂದು ಅಜ್ಜನದು, ಇನ್ನೊಂದು ಅಜ್ಜಿಯ ತವರಿನದು. ವರ್ಷಕ್ಕೆ ಎರಡು ಮೂರು ಸಲ ಏಕಾದಶಿಯು ಒಂದರಲ್ಲಿ ಇಂದು, ಇನ್ನೊಂದರಲ್ಲಿ ನಾಳೆ. ಅಜ್ಜ ಉಪವಾಸವಿದ್ದ ದಿನ ಅಜ್ಜಿ ಹುಳಿಯನ್ನ ಕಲಸುತ್ತಿದ್ದಳು. ಮರುದಿನ ಅವಳು ನೀರು ಸಹ ಮುಟ್ಟದೆ ಅಜ್ಜನಿಗೆ ಬಡಿಸುತ್ತಿದ್ದಳು. ಇಬ್ಬರಲ್ಲಿ ಯಾರೂ ಸೋಲುತ್ತಿರಲಿಲ್ಲ. ಎರಡು ದಿನವೂ ಹೊಟ್ಟೆ ತುಂಬ ಉಣ್ಣುತ್ತಿದ್ದವರು ಮಕ್ಕಳಾದ ನಾವು.

ಜಗಳದ ಮೂಲ ಸೂಕ್ಷ್ಮವಾದದ್ದು. ಸೂರ್ಯೋದಯಕ್ಕೆ ನಾಲ್ಕು ಗಳಿಗೆ, ಅಂದರೆ ೯೬ ನಿಮಿಷ, ಮುಂಚಿನ ಹೊತ್ತು ಅರುಣೋದಯ. ಆಗ ದಶಮಿಯು ಇನ್ನೂ ಉಳಿದಿದ್ದರೆ ಆ ಏಕಾದಶಿಗೆ ವೇಧೆ ತಗುಲಿತೆಂದು ವೈಷ್ಣವರು ಉಪವಾಸವನ್ನು ಮರುದಿನಕ್ಕೆ ಒಯ್ಯುತ್ತಾರೆ. ಆದುದರಿಂದ ದಶಮಿ ಮುಗಿಯುವ ಹೊತ್ತಿನಲ್ಲಿ ಕೆಲವೇ ನಿಮಿಷದ ವ್ಯತ್ಯಾಸ ಬಂದರೂ ಇಡೀ ಮನೆತನದ ಅಡಿಗೆ ಒಂದು ದಿನ ಆಚೀಚೆಯಾಗುತ್ತದೆ. ವ್ಯತ್ಯಾಸವೋ ನಿಮಿಷಗಳಲ್ಲಿ ನಿಲ್ಲುವುದಲ್ಲ. ಹಳೆಯ ಸಿದ್ಧಾಂತಗಳ ಗಣಿತದಲ್ಲಿ ತಿಥಿಯು ಅರುವತ್ತು ಗಳಿಗೆಯ ಮೇಲೆ ಐದು ಬೆಳೆಯಬಹುದು, ಆರು ಕುಗ್ಗಬಹುದು; ಇದಕ್ಕೆ ‘ಬಾಣವೃದ್ಧಿ ರಸಕ್ಷಯ’ವೆಂದು ಹೆಸರು. ಕಣ್ಣಿಗೆ ಕಾಣುವ ಚಂದ್ರನನ್ನು ಹಿಡಿದು ಲೆಕ್ಕ ಹಾಕುವ ದೃಗ್ಗಣಿತದವರು ಏಳು ಬೆಳೆಯುತ್ತದೆ, ಹತ್ತು ಕುಗ್ಗುತ್ತದೆ ಎನ್ನುತ್ತಾರೆ. ಚಂದ್ರನು ಹಳೆಯ ಸೂತ್ರವನ್ನು ಕೇಳುವವನಲ್ಲ. ಒಬ್ಬರು ಪರಂಪರೆಯನ್ನು ಕಾಯುತ್ತಿದ್ದರು, ಇನ್ನೊಬ್ಬರು ಆಕಾಶವನ್ನು. ಇಬ್ಬರೂ ತಾವೇ ಕಾಲವನ್ನು ಕಾಯುತ್ತಿದ್ದೇವೆಂದು ನಂಬಿದ್ದರು.

ಆಕಾಶದ ಪಕ್ಷದಲ್ಲಿ ನಿಂತವರ ಪೈಕಿ ನಮ್ಮ ನಾಡಿನವರೇ ಎನ್ನಬೇಕಾದ ಒಬ್ಬರನ್ನು ಇಂದಿನ ವಿದ್ಯಾರ್ಥಿಗಳು ಮರೆತಿದ್ದಾರೆ. ಬಾಗಲಕೋಟೆಯಲ್ಲಿ ಶಾಲಾ ಉಪಾಧ್ಯಾಯರಾಗಿದ್ದ ವೆಂಕಟೇಶ ಬಾಪೂಜಿ ಕೇತಕರರು ಪಾಶ್ಚಾತ್ಯರ ನೂತನ ಗ್ರಹಮಾನಗಳನ್ನು ತೆಗೆದುಕೊಂಡು, ಪಂಚಾಂಗ ಮಾಡುವವರಿಗೆ ಕೈಗೂಡುವಂತೆ ಸಂಸ್ಕೃತದಲ್ಲಿ ‘ಜ್ಯೋತಿರ್ಗಣಿತ’, ‘ಕೇತಕೀ ಗ್ರಹಗಣಿತ’ಗಳನ್ನು ರಚಿಸಿದರು. ಹಗಲು ಪಾಠ, ಇರುಳು ಗಣಿತ. ೧೯೧೧ರಲ್ಲಿ ಅವರು ಫ್ರಾನ್ಸಿನ ಖಗೋಲ ಪತ್ರಿಕೆಯೊಂದರಲ್ಲಿ, ನೆಪ್ಚೂನಿನ ಆಚೆಗೆ ಇನ್ನೂ ಎರಡು ಗ್ರಹಗಳಿರಬೇಕೆಂದೂ ಅವುಗಳಲ್ಲಿ ಒಂದಕ್ಕೆ ಸೂರ್ಯನನ್ನು ಸುತ್ತಲು ಸುಮಾರು ೨೪೨ ವರ್ಷ ಬೇಕೆಂದೂ ಬರೆದರು. ೧೯೩೦ರಲ್ಲಿ ಪ್ಲೂಟೋ ಕಾಣಿಸಿತು. ಅದರ ಸುತ್ತಿಗೆ ೨೪೮ ವರ್ಷ. ಅದೇ ವರ್ಷ ಕೇತಕರರು ತೀರಿಕೊಂಡರು. ಅವರ ಊಹೆ ಇಷ್ಟು ಹತ್ತಿರ ಬಂದುದರಲ್ಲಿ ಅದೃಷ್ಟದ ಪಾಲೂ ಇದೆ. ಅದನ್ನು ಹಿಡಿದು ಜಯಭೇರಿ ಹೊಡೆಯುವುದು ಅವರ ಗೌರವಕ್ಕೆ ತಕ್ಕುದಲ್ಲ. ಅವರ ನಿಜವಾದ ಸಾಹಸ ಬೇರೆ: ಸೂತ್ರವು ಆಕಾಶಕ್ಕೆ ಹೊಂದದಿದ್ದರೆ ಸೂತ್ರವನ್ನು ತಿದ್ದಬೇಕೆಂದು, ಪಂಥದೊಳಗೇ ನಿಂತು, ಪಂಥದ ಭಾಷೆಯಲ್ಲಿಯೇ ಹೇಳಿದರು.

ಸ್ವಾತಂತ್ರ್ಯ ಬಂದ ಮೇಲೆ ಸರಕಾರವೂ ಈ ಜಗಳಕ್ಕೆ ಕೈಹಾಕಿತು. ದೇಶದಲ್ಲಿ ಆಗ ಸುಮಾರು ಮೂವತ್ತು ಬಗೆಯ ಪಂಚಾಂಗಗಳು ಬಳಕೆಯಲ್ಲಿದ್ದವು. ೧೯೫೨ರಲ್ಲಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯಲ್ಲಿ ಸಮಿತಿ ನೇಮಕವಾಯಿತು, ೧೯೫೫ರಲ್ಲಿ ವರದಿ, ೧೯೫೭ನೆಯ ಮಾರ್ಚ್ ೨೨ರಂದು, ಶಕ ೧೮೭೯ರ ಚೈತ್ರ ೧, ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂತು. ಸೂರ್ಯನು ಉತ್ತರಕ್ಕೆ ತಿರುಗುವುದು ಡಿಸೆಂಬರ್ ೨೨ರ ಸುಮಾರಿಗೆ; ನಾವು ಎಳ್ಳು ಬೀರುವುದು ಜನವರಿ ೧೪ ಅಥವಾ ೧೫ಕ್ಕೆ. ಸುಮಾರು ಎಪ್ಪತ್ತೆರಡು ವರ್ಷಕ್ಕೊಂದು ದಿನದಂತೆ ಈ ಅಂತರ ಬೆಳೆಯುತ್ತಲೇ ಇದೆ. ಸಮಿತಿ ಇದನ್ನು ಎತ್ತಿ ತೋರಿಸಿತು. ಸರಕಾರಿ ಗೆಜೆಟಿನ ತಲೆಯ ಮೇಲೆ ಶಕದ ತೇದಿ ಅಚ್ಚಾಯಿತು. ಎಳ್ಳು ಜನವರಿಯಲ್ಲಿಯೇ ಉಳಿಯಿತು.

ಇಷ್ಟೆಲ್ಲ ಹೇಳಿದ ಮೇಲೆ ಕೆರೆಯ ಮಾತನ್ನು ಮರೆತರೆ ಅನ್ಯಾಯವಾದೀತು. ಮಾರ್ಕ್ ವಿಲ್ಕ್ಸ್ ಎಂಬ ಆಂಗ್ಲ ಅಧಿಕಾರಿ ೧೮೧೦ರಲ್ಲಿ ಪ್ರಕಟಿಸಿದ ಮೈಸೂರಿನ ಚರಿತ್ರೆಯಲ್ಲಿ ಹಳ್ಳಿಯ ಹನ್ನೆರಡು ಮಂದಿ ಆಯಗಾರರ ಪಟ್ಟಿಯಿದೆ. ಗೌಡ, ಶಾನುಭೋಗ, ತಳವಾರ, ತೋಟಿ, ಕಮ್ಮಾರ, ಬಡಗಿ ಮೊದಲಾದವರೊಡನೆ ಅಲ್ಲಿ ಜೋಯಿಸನೂ ಇದ್ದಾನೆ, ನೀರುಗಂಟಿಯೂ ಇದ್ದಾನೆ. ಸುಗ್ಗಿಯಲ್ಲಿ ಇಬ್ಬರಿಗೂ ಕಣದಿಂದಲೇ ಆಯ. ಜೋಯಿಸನು ಯಾವ ದಿನ ಒಳ್ಳೆಯದೆಂದು ಹೇಳುವವನು. ನೀರುಗಂಟಿಯು ತೂಬನ್ನು ಎತ್ತಿ, ಯಾರ ಗದ್ದೆಗೆ ಎಷ್ಟು ಹೊತ್ತು ನೀರೆಂದು ಸರದಿ ನಡೆಸುವವನು. ಮೊದಲನೆಯವನು ತಪ್ಪಿದರೆ ಉಪವಾಸ ಒಂದು ದಿನ ಆಚೀಚೆಯಾದೀತು. ಎರಡನೆಯವನು ತಪ್ಪಿದರೆ ಪೈರು ಒಣಗಿ, ತುಂಬ ಮಂದಿಯ ಉಪವಾಸಕ್ಕೆ ತಿಥಿಯೇ ಬೇಡವಾದೀತು. ಪಟ್ಟಂದೂರಿನಂಥ ಕೆರೆಯ ಊರಿನಲ್ಲಿ ಕಾಲದ ಕಾವಲು ನಿಜವಾಗಿ ಯಾರ ಕೈಯಲ್ಲಿತ್ತೆಂದು ಕೇಳಿದರೆ ನನ್ನ ಮತ ನೀರುಗಂಟಿಗೇ. ದತ್ತಿ ಶಾಸನಗಳಲ್ಲಿ ಅವನ ಹೆಸರನ್ನು ಹುಡುಕುವುದು ವ್ಯರ್ಥಶ್ರಮ. ಬೇಸಾಯಗಾರನಂತೂ ತನ್ನ ಲೆಕ್ಕವನ್ನು ತಾನೇ ಇಟ್ಟುಕೊಂಡಿದ್ದನು. ‘ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ’ ಎನ್ನುವ ರೈತನು ಸೂರ್ಯನು ಭರಣಿ ನಕ್ಷತ್ರದಲ್ಲಿರುವ ಹದಿಮೂರು ಹದಿನಾಲ್ಕು ದಿನಗಳನ್ನು ಬಲ್ಲವನು; ಹಗಲಿನ ಹೊತ್ತಿಗೆ ಅವನಿಗೆ ತನ್ನ ಅಡಿನೆರಳೇ ಸಾಕಾಗಿತ್ತು.

ಗಡಿಯಾರ ಬಂದು ಆ ನೆರಳನ್ನು ಸುಳ್ಳುಮಾಡಿತು. ೧೯೦೬ನೆಯ ಜನವರಿ ೧ರಿಂದ ಭಾರತಕ್ಕೆಲ್ಲ ಒಂದೇ ಕಾಲ. ಪೂರ್ವರೇಖಾಂಶ ಎಂಬತ್ತೆರಡೂವರೆ ಡಿಗ್ರಿಯದು. ಪಟ್ಟಂದೂರು ಅದಕ್ಕಿಂತ ಪಶ್ಚಿಮಕ್ಕಿದೆ. ಆದುದರಿಂದ ಕೈಗಡಿಯಾರ ಹನ್ನೆರಡು ತೋರಿಸಿದಾಗ ಈ ಊರಿನ ಸೂರ್ಯ ಸರಾಸರಿ ಹತ್ತೊಂಬತ್ತು ನಿಮಿಷ ಹಿಂದಿರುತ್ತಾನೆ. ನವೆಂಬರಿನ ಮೊದಲಲ್ಲಿ ಅವನು ನೆತ್ತಿಗೆ ಬರುವುದು ೧೨ ಗಂಟೆ ೩ ನಿಮಿಷದ ಸುಮಾರಿಗೆ, ಫೆಬ್ರುವರಿಯ ನಡುವೆ ೧೨ ಗಂಟೆ ೩೩ ನಿಮಿಷಕ್ಕೆ. ರೈಲಿಗೂ ಕಚೇರಿಗೂ ಒಂದೇ ಕಾಲ ಬೇಕು, ನಿಜ. ಆದರೂ ಬೇರೆ ಊರಿಗಾಗಿ ಲೆಕ್ಕ ಹಾಕಿದ ಪಂಚಾಂಗವನ್ನು ತಂದು ನಿಮಿಷಕ್ಕೆ ಸರಿಯಾಗಿ ರಾಹುಕಾಲ ನೋಡುವ ಮಿತ್ರರಿಗೆ ಈ ಲೆಕ್ಕವನ್ನು ಹೇಳಿದಾಗ ಅವರು ಪ್ರಸನ್ನರಾಗುವುದಿಲ್ಲ.

ಗಳಿಗೆಬಟ್ಟಲಿನ ಇಂದಿನ ರೂಪವನ್ನು ನೋಡಬೇಕೆನ್ನುವವರು ನಗರದ ಇನ್ನೊಂದು ಬದಿಗೆ, ಬ್ಯಾಲಾಳಿಗೆ ಹೋಗಬೇಕು. ೨೦೧೩ನೆಯ ಮೇ ೨೮ರಂದು ಇಸ್ರೋ ಸಂಸ್ಥೆಯ ಪಥದರ್ಶಕ ಕೇಂದ್ರ ಅಲ್ಲಿ ಆರಂಭವಾಯಿತು. ಉಪಗ್ರಹಗಳಲ್ಲಿಯ ಪರಮಾಣು ಗಡಿಯಾರಗಳಿಗೂ ನೆಲದ ಗಡಿಯಾರಗಳಿಗೂ ಅಲ್ಲಿ ಸದಾ ತಾಳೆ ನೋಡುತ್ತಾರೆ. ಒಂದು ಸೆಕೆಂಡಿನ ನೂರು ಕೋಟಿಯಲ್ಲೊಂದು ಪಾಲು ತಪ್ಪಿದರೆ ಭೂಮಿಯ ಮೇಲಿನ ಸ್ಥಾನ ಒಂದು ಅಡಿಯಷ್ಟು ತಪ್ಪುತ್ತದೆ. ೨೦೧೬ರ ಹೊತ್ತಿಗೆ ನಮ್ಮ ಮೊದಲ ಪಥದರ್ಶಕ ಉಪಗ್ರಹದಲ್ಲಿದ್ದ, ಹೊರದೇಶದಿಂದ ತರಿಸಿದ ಮೂರು ರುಬಿಡಿಯಂ ಗಡಿಯಾರಗಳೂ ಕೆಟ್ಟವು. ಉಪಗ್ರಹ ಆಕಾಶದಲ್ಲಿದ್ದೂ ದಾರಿ ಹೇಳಲಾರದಾಯಿತು. ಮುತ್ತು ತೂತಿಗೆ ಬಿದ್ದ ಹಾಗೆ. ೨೦೨೩ನೆಯ ಮೇ ೨೯ರಂದು ಹಾರಿದ ಉಪಗ್ರಹದಲ್ಲಿ ಮೊದಲ ಬಾರಿಗೆ ಇಲ್ಲಿಯೇ ಮಾಡಿದ ರುಬಿಡಿಯಂ ಗಡಿಯಾರವಿತ್ತು.

ಇನ್ನೂ ವಿನೋದದ ಸಂಗತಿಯೆಂದರೆ, ಅಜ್ಜ ಅಜ್ಜಿಯರ ಜಗಳ ಈಗ ಜಗತ್ತಿನ ಕಾಲತಜ್ಞರ ನಡುವೆಯೇ ನಡೆದಿದೆ. ಪರಮಾಣು ಗಡಿಯಾರದ ನಡೆ ಸಮ, ಭೂಮಿಯ ತಿರುಗು ಸಮವಲ್ಲ. ಎರಡನ್ನೂ ಹೊಂದಿಸಲೆಂದು ೧೯೭೨ರಿಂದ ಆಗಾಗ ಒಂದು ಅಧಿಕ ಸೆಕೆಂಡನ್ನು ಸೇರಿಸುತ್ತ ಬಂದರು. ಅಧಿಕಮಾಸದ ಮರಿಯೆನ್ನಬಹುದು. ೨೦೧೨ನೆಯ ಜುಲೈ ೧ರ ಬೆಳಗ್ಗೆ ನಮ್ಮ ಐದೂವರೆ ಗಂಟೆಗೆ ಬಂದ ಅಂಥ ಸೆಕೆಂಡೊಂದು ಲೋಕದ ಹಲವೆಡೆ ಕಂಪ್ಯೂಟರುಗಳನ್ನು ದಿಕ್ಕುಗೆಡಿಸಿತು. ೨೦೨೨ರಲ್ಲ಼ಿ ಅಳತೆ ತೂಕಗಳ ಅಂತರರಾಷ್ಟ್ರೀಯ ಸಮ್ಮೇಳನವು, ೨೦೩೫ರೊಳಗಾಗಿ ಈ ಪದ್ಧತಿಯನ್ನು ಕೈಬಿಟ್ಟು, ಗಡಿಯಾರವೂ ಸೂರ್ಯನೂ ಇನ್ನಷ್ಟು ಅಗಲಿದರೂ ಆಗಲಿ ಎಂದು ತೀರ್ಮಾನಿಸಿತು. ಸೂತ್ರದ ಪಕ್ಷ ಗೆದ್ದಿತು, ದೃಗ್ಗಣಿತ ಸೋತಿತು. ಕೇತಕರರು ಏನೆನ್ನುತ್ತಿದ್ದರೋ!

ಪ್ರಾಚೆಟ್‌ನ ಭಿಕ್ಷುಗಳಂತೆ ಹೊತ್ತನ್ನು ಒಂದೆಡೆಯಿಂದ ಇನ್ನೊಂದೆಡೆಗೆ ಹರಿಸುವ ಕೆಲಸವೂ ಪಟ್ಟಂದೂರಿನಲ್ಲಿ ನಡೆದೇ ಇದೆ. ಹಗಲಿನವರು ಮಲಗುವಾಗ ಎದ್ದು ಹೊರಡುವ ತರುಣ ತರುಣಿಯರು ಇಲ್ಲಿ ಕಡಿಮೆಯಿಲ್ಲ. ಅವರು ಕಾಯುವುದು ನ್ಯೂಯಾರ್ಕಿನ ಹೊತ್ತನ್ನು. ಅಮೆರಿಕದವರು ಮಾರ್ಚಿಯ ಎರಡನೆಯ ಭಾನುವಾರ ಗಡಿಯಾರವನ್ನು ಒಂದು ಗಂಟೆ ಮುಂದಕ್ಕೆ ತಿರುಗಿಸುತ್ತಾರೆ, ನವೆಂಬರಿನ ಮೊದಲ ಭಾನುವಾರ ಹಿಂದಕ್ಕೆ. ಅಲ್ಲಿಯ ಬೆಳಗ್ಗೆ ಹತ್ತರ ಸಭೆ ಚಳಿಗಾಲದಲ್ಲಿ ಇಲ್ಲಿ ರಾತ್ರಿ ಎಂಟೂವರೆಗೆ, ಬೇಸಗೆಯಲ್ಲಿ ಏಳೂವರೆಗೆ. ಅಗ್ರಹಾರದ ಬೀದಿಯ ಮನೆಗಳಲ್ಲಿ ಆ ಸೋಮವಾರದಿಂದ ಕುಕ್ಕರನ್ನು ಒಂದು ಗಂಟೆ ಮುಂಚೆ ಒಲೆಗೇರಿಸುತ್ತಾರೆ. ಕೂಸಿಗೆ ಕಥೆ ಹೇಳುವ ಸರದಿ ಅಪ್ಪನಿಂದ ಅಜ್ಜಿಗೆ ಹೋಗುತ್ತದೆ, ನವೆಂಬರ್ ಬರುವವರೆಗೆ.